ಕತ್ತರಿ ಯಾರ ಕೈಯಲ್ಲಿ?

ಸಿನಿಮಾ ಅಂದರೆ ಹೀರೋ, ಹೀರೋಯಿನ್ನು, ಡೈರೆಕ್ಟರು ಅಷ್ಟೇ ಎಂದು ನಮಗೆ ಕಲಿಸಿದ್ದಾರೆ. ಗಂಟೆಗಟ್ಟಲೆ ತೆಗೆದ ಚಿತ್ರದಲ್ಲಿ ಯಾವುದು ಉಳಿಯಬೇಕು, ಯಾವುದು ಕಸದ ಬುಟ್ಟಿಗೆ ಬೀಳಬೇಕು ಎಂದು ಕತ್ತಲ ಕೋಣೆಯಲ್ಲಿ ಕೂತು ಕತ್ತರಿಸಿ ಅಂಟಿಸುವ ಸಂಕಲನಕಾರರ ಹೆಸರು ಯಾರಿಗೆ ಗೊತ್ತು? ಅಸಲು ಅಧಿಕಾರ ಇರೋದೇ ಆ ಕೋಣೆಯಲ್ಲಿ.

ರೇಣು ಸಲೂಜಾ ಅಲ್ಲಿ ದುಡಿದವರು. ಪುಣೆಯ ಫಿಲಂ ಇನ್‌ಸ್ಟಿಟ್ಯೂಟಿನಲ್ಲಿ ನಿರ್ದೇಶನ ಕಲಿಯಲು ಹೋದರು. ಸೀಟು ಸಿಗಲಿಲ್ಲ. ಸಂಕಲನ ಕಲಿತು 1976ರಲ್ಲಿ ಹೊರಬಂದರು. ಗಂಡಸರೇ ತುಂಬಿದ್ದ ಹಿಂದಿ ಚಿತ್ರರಂಗದಲ್ಲಿ ‘ಜಾನೆ ಭೀ ದೋ ಯಾರೋ’, ‘ಅರ್ಧ್ ಸತ್ಯ’ (ಎರಡೂ 1983), ‘ಪರಿಂದಾ’ (1989) ಚಿತ್ರಗಳನ್ನು ಕಡೆದು ನಿಲ್ಲಿಸಿದರು. ನಾಲ್ಕು ಸಲ ರಾಷ್ಟ್ರಪ್ರಶಸ್ತಿ ಪಡೆದರು. 2000ದ ಆಗಸ್ಟ್‌ನಲ್ಲಿ, ಐವತ್ತು ತುಂಬುವ ಮೊದಲೇ, ಕ್ಯಾನ್ಸರಿನಿಂದ ತೀರಿಕೊಂಡರು. ಆ ಹೆಣ್ಣುಮಗಳ ದುಡಿಮೆಗೆ ನಾವು ತಲೆಬಾಗುತ್ತೇವೆ.

ಆದರೆ ಅವರು ಸಂಕಲನ ಮಾಡಿದ ಚಿತ್ರಗಳಲ್ಲಿ ‘ಬ್ಯಾಂಡಿಟ್ ಕ್ವೀನ್’ (1994) ಕೂಡ ಇದೆ. ಅಲ್ಲಿ ನಾವು ನಿಂತು ಕೇಳಲೇಬೇಕು.

ಫೂಲನ್ ದೇವಿ ದೋಣಿ ನಡೆಸುವ ಮಲ್ಲಾಹ್ ಜಾತಿಯ ಬಡವರ ಮಗಳು. 1983ರಲ್ಲಿ ಶರಣಾಗಿ, ವಿಚಾರಣೆಯೇ ಇಲ್ಲದೆ 11 ವರ್ಷ ಜೈಲಿನಲ್ಲಿ ಕೊಳೆತವಳು. 1994ರಲ್ಲಿ ಹೊರಗೆ ಬಂದರೆ, ಅವಳ ಬದುಕು ತುಂಡು ತುಂಡಾಗಿ, ಅಂಟಿಸಿಕೊಂಡು, ಡಬ್ಬಿ ಸೇರಿತ್ತು. ಅದೇ ವರ್ಷ ಚಿತ್ರ ಕಾನ್ ಉತ್ಸವಕ್ಕೂ ಹೋಗಿ ಬಂತು. ತನ್ನ ಬದುಕನ್ನು ತಿರುಚಿದ್ದಾರೆ, ತನ್ನ ಮೇಲಾದ ಅತ್ಯಾಚಾರವನ್ನು ಊರಿಗೆಲ್ಲ ತೋರಿಸುತ್ತಿದ್ದಾರೆ ಎಂದು ಅವಳು ದೆಹಲಿ ಹೈಕೋರ್ಟಿನ ಮೆಟ್ಟಿಲು ಹತ್ತಿದಳು. ಕಡೆಗೆ ಹಣದ ರಾಜಿಯಾಯಿತು. ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು.

ಠಾಕೂರರ ಕ್ರೌರ್ಯವನ್ನು ತೋರಿಸಿದೆಯಲ್ಲ ಅಂತೀರಿ. ತೋರಿಸಿದೆ, ಒಪ್ಪಿದೆವು. ಅಲ್ಲ ಸ್ವಾಮಿ, ಗಾಯ ಯಾರ ಮೈಮೇಲಿದೆಯೋ ಅವಳಿಗೆ “ಇಷ್ಟು ಸಾಕು, ಇಲ್ಲಿಗೆ ಕತ್ತರಿಸಿ” ಅನ್ನೋ ಹಕ್ಕು ಬೇಡವೇ? ತಪ್ಪನ್ನು ಸಂಕಲನಕಾರ್ತಿಯೊಬ್ಬಳ ತಲೆಗೆ ಕಟ್ಟುವುದಿಲ್ಲ ನಾವು. ನಿರ್ದೇಶಕ ಇದ್ದ, ದುಡ್ಡು ಹಾಕಿದ ಚಾನೆಲ್ ಇತ್ತು. ಆ ಮೇಜಿನ ಸುತ್ತ ಇಲ್ಲದೇ ಇದ್ದವಳು ಫೂಲನ್ ಒಬ್ಬಳೇ.

ರಂಪಿಗೆ ಹಿಡಿದು ತೊಗಲು ಕೊಯ್ದವರ ಮಕ್ಕಳು ನಾವು. ಒಂದು ಗೆರೆ ತಪ್ಪಿದರೆ ಇಡೀ ತೊಗಲು ಹಾಳು ಅನ್ನೋದನ್ನು ಯಾರೂ ನಮಗೆ ಹೇಳಿಕೊಡಬೇಕಾಗಿಲ್ಲ. ಇವತ್ತು ಫಿಲಂ ಸುರುಳಿ ಹೋಯಿತು; ಕತ್ತರಿ ಮೊಬೈಲಿನೊಳಗೇ ಬಂದು ಕೂತಿದೆ. ಹಳ್ಳಿ ಶಾಲೆಯ ಮೇಷ್ಟ್ರೇ, ಕೇರಿಯ ಹುಡುಗ ಹುಡುಗಿಯರಿಗೆ ಈ ಕಸುಬು ಕಲಿಸಿ. ಪುಣೆಯ ಬಾಗಿಲನ್ನೂ ತಟ್ಟಲಿ ಅವರು.

ಗೆಳೆಯರೇ, ಈ ಪ್ರಶ್ನೆ ನಮಗೂ ತಿರುಗುತ್ತದೆ. ಯಾವುದೋ ಊರಲ್ಲಿ ನಮ್ಮವರ ಮೇಲೆ ದೌರ್ಜನ್ಯ ಆಯಿತು ಅಂದ ಕೂಡಲೇ ಆ ವಿಡಿಯೋವನ್ನು ಸಿಟ್ಟಿನಲ್ಲಿ ನೂರು ಕಡೆ ಹಂಚುತ್ತೇವೆ. ಹೊಡೆತ ತಿಂದ ತಾಯಿಯನ್ನು ಕೇಳಿದ್ದೇವೆಯೇ? ಮೊದಲು ಅವಳ ಮನೆಗೆ ಹೋಗೋಣ. ಎಲ್ಲಿ ಕತ್ತರಿಸಬೇಕು ಅನ್ನೋದನ್ನು ಅವಳೇ ಹೇಳಲಿ.