ಕಾಫಿ ತೋಟದಿಂದ ಬಂದ ಕಾರ್ಲೋಸ್ ಮತ್ತು ನಮ್ಮ ಲೈನ್ ಮನೆ ಮಕ್ಕಳು

ಬ್ರೆಜಿಲ್‌ನಲ್ಲಿ ಹಿಮ ಬಿದ್ದರೆ ಯಸಳೂರಿಗೆ ಸುದ್ದಿ ತಲುಪಲು ಅರ್ಧ ದಿನವೂ ಬೇಡ. ಐವತ್ತು ಕೆ.ಜಿ. ಮೂಟೆಯ ರೇಟು ಎಷ್ಟು ಏರಬಹುದು ಅನ್ನೋ ಲೆಕ್ಕ ವಾಟ್ಸಾಪ್‌ನಲ್ಲಿ ಶುರುವಾಗಿರುತ್ತೆ. ಸಕಲೇಶಪುರ ಸೀಮೆಯ ನಮಗೆ ಬ್ರೆಜಿಲ್ ಅಂದ್ರೆ ಮೊದಲು ಕಾಫಿ, ಆಮೇಲೆ ಫುಟ್ಬಾಲ್. ಎರಡೂ ಒಂದೇ ಬದುಕಿನಲ್ಲಿ ಸೇರಿದ್ದು ರಾಬರ್ಟೊ ಕಾರ್ಲೋಸ್‌ನಲ್ಲಿ.

1973ರಲ್ಲಿ ಸಾವೊ ಪಾಲೊ ರಾಜ್ಯದ ಗಾರ್ಸಾದಲ್ಲಿ, ಕಾಫಿ ತೋಟದಲ್ಲಿ ದುಡಿಯುವ ಕುಟುಂಬದಲ್ಲಿ ಹುಟ್ಟಿದವನು. ಹುಡುಗನಾಗಿದ್ದಾಗಲೇ ಬಟ್ಟೆ ಕಾರ್ಖಾನೆಯಲ್ಲಿ ಕೆಲಸ. ಮುಂದಿನದು ಬಹಳಷ್ಟು ಜನರಿಗೆ ಗೊತ್ತು: ಪಾಲ್ಮೇರಾಸ್, ಇಂಟರ್ ಮಿಲಾನ್, 1996ರಿಂದ 2007ರವರೆಗೆ ರಿಯಲ್ ಮ್ಯಾಡ್ರಿಡ್, ಮೂರು ಚಾಂಪಿಯನ್ಸ್ ಲೀಗ್, 2002ರ ವಿಶ್ವಕಪ್, ದೇಶಕ್ಕಾಗಿ 125 ಪಂದ್ಯ. 1997ರ ಜೂನ್‌ನಲ್ಲಿ ಫ್ರಾನ್ಸ್ ವಿರುದ್ಧ ಸುಮಾರು 35 ಮೀಟರ್ ದೂರದಿಂದ ಹೊಡೆದ ಫ್ರೀ ಕಿಕ್ ಬಗ್ಗೆ 2010ರಲ್ಲಿ ಫ್ರೆಂಚ್ ಭೌತವಿಜ್ಞಾನಿಗಳು ಪ್ರಬಂಧವನ್ನೇ ಬರೆದರು. (ಇಂಜಿನಿಯರಿಂಗ್‌ನಲ್ಲಿ ಓದಿದ ಫ್ಲೂಯಿಡ್ ಮೆಕ್ಯಾನಿಕ್ಸ್ ನನಗೆ ಉಪಯೋಗಕ್ಕೆ ಬಂದಿದ್ದು ಅದನ್ನು ಓದುವಾಗ ಮಾತ್ರ.)

ಆದ್ರೆ ನನಗೆ ಹೆಚ್ಚು ಕಾಡುವುದು ಈ ಗೋಲಲ್ಲ, ಆತ ಹತ್ತಿದ ಮೊದಲ ಮೆಟ್ಟಿಲು. ಅರಾರಾಸ್ ಎಂಬ ಒಳನಾಡಿನ ಊರಿನ ಯೂನಿಯಾವೊ ಸಾವೊ ಜೋವಾವೊ ಎಂಬ ಸಣ್ಣ ಕ್ಲಬ್. ಅಲ್ಲಿ ಆಡುತ್ತಿದ್ದಾಗಲೇ, 1992ರಲ್ಲಿ, ಇನ್ನೂ ಹದಿನೆಂಟರ ಹುಡುಗ ಬ್ರೆಜಿಲ್ ಜೆರ್ಸಿ ಹಾಕಿದ. ಅಂದ್ರೆ ರಾಷ್ಟ್ರೀಯ ತಂಡದ ಕಣ್ಣು ಅಂಥ ಊರಿನ ಮೈದಾನದವರೆಗೂ ಹೋಗುತ್ತಿತ್ತು. ಈ ವ್ಯವಸ್ಥೆ ದಯಾಮಯವೇನಲ್ಲ. ಒಬ್ಬ ಕಾರ್ಲೋಸ್ ಮೇಲೆ ಬರುವಾಗ ಸಾವಿರಾರು ಹುಡುಗರು ಓದೂ ಇಲ್ಲದೆ, ಆಟವೂ ಇಲ್ಲದೆ ಕೆಳಗೆ ಉಳಿಯುತ್ತಾರೆ. ಮೇಲೆ ಬಂದವನಿಗೂ ಗೌರವ ಖಾತ್ರಿಯಿಲ್ಲ. 2006ರ ವಿಶ್ವಕಪ್ ಸೋಲಿಗೆ, ಆತ ಕಾಲುಚೀಲ ಎಳೆದುಕೊಳ್ಳುತ್ತಿದ್ದ ಅಂತ ಇಡೀ ದೇಶ ಬೈದಿತು. 2011ರ ಜೂನ್‌ನಲ್ಲಿ ರಷ್ಯಾದ ಸಮಾರದಲ್ಲಿ ಪ್ರೇಕ್ಷಕರ ಕಡೆಯಿಂದ ಬಾಳೆಹಣ್ಣು ತೂರಿ ಬಂತು. ವಿಶ್ವಕಪ್ ಗೆದ್ದ 38ರ ಕಪ್ಪು ಆಟಗಾರ ಪಂದ್ಯದ ಮಧ್ಯೆಯೇ ಮೈದಾನ ಬಿಟ್ಟು ನಡೆದ. ಆದರೂ ಮೆಟ್ಟಿಲು ಅಂತ ಒಂದಿತ್ತು.

ನಾವು ಏನು ಮಾಡಿದ್ವಿ? ಮೆಟ್ಟಿಲು ಕಟ್ಟುವ ಬದಲು, ಮೇಲೆ ಹತ್ತಿ ಇಳಿದು ಬಂದವನನ್ನು ಕೊಂಡ್ವಿ. 2015ರಲ್ಲಿ ಡೆಲ್ಲಿ ಡೈನಮೋಸ್ 42 ವರ್ಷದ ಕಾರ್ಲೋಸ್‌ನನ್ನು ಆಟಗಾರ ಹಾಗೂ ಕೋಚ್ ಆಗಿ ಕರೆತಂದಿತು. ಆತ ಬೆರಳೆಣಿಕೆಯಷ್ಟು ಪಂದ್ಯ ಆಡಿದ, ತಂಡ ಸೆಮಿಫೈನಲ್‌ನಲ್ಲಿ ಸೋತಿತು. ಟಿವಿಗೆ ಮುಖ ಸಿಕ್ಕಿತು. 2019ರಲ್ಲಿ ಆ ಕ್ಲಬ್ಬೇ ದಿಲ್ಲಿ ಬಿಟ್ಟು ಭುವನೇಶ್ವರಕ್ಕೆ ಹೋಗಿ ಒಡಿಶಾ ಎಫ್‌ಸಿ ಆಯಿತು. 2025ರಲ್ಲಿ ಫುಟ್ಬಾಲ್ ಫೆಡರೇಶನ್ ಮತ್ತು ಲೀಗ್ ನಡೆಸುವ ಕಂಪನಿ ನಡುವಿನ ಹದಿನೈದು ವರ್ಷದ ಒಪ್ಪಂದ ಮುಗಿಯುವ ಹೊತ್ತಿಗೆ ಇಂಡಿಯನ್ ಸೂಪರ್ ಲೀಗೇ ನಿಂತಿತು. ಆ ಆಗಸ್ಟ್‌ನಲ್ಲಿ ನಮ್ಮ ಬೆಂಗಳೂರು ಎಫ್‌ಸಿ ಆಟಗಾರರ, ಸಿಬ್ಬಂದಿಯ ಸಂಬಳ ತಡೆಹಿಡಿಯಿತು. ಸುನಿಲ್ ಛೆಟ್ರಿ ಆಡುವ ಕ್ಲಬ್‌ಗೇ ಈ ಗತಿಯಾದ್ರೆ, ಯಸಳೂರು ಹೋಬಳಿಯ ಹುಡುಗನಿಗೆ ಯಾವ ಕ್ಲಬ್?

ಇಲ್ಲಿನ ತೋಟಗಳಲ್ಲೂ ಮಕ್ಕಳು ಬೆಳೀತಿದ್ದಾರೆ. ಊರಿನ ಕೂಲಿ ಕುಟುಂಬಗಳ ಮಕ್ಕಳು, ಅಸ್ಸಾಂ ಕಡೆಯಿಂದ ಕಾಫಿ ಕುಯ್ಲಿಗೆ ಬಂದವರ ಮಕ್ಕಳು. ಸಮತಟ್ಟಾದ ಜಾಗ ಅಂದ್ರೆ ಕಾಫಿ ಒಣಗಿಸುವ ಕಣ. ಸುಗ್ಗಿಯಲ್ಲಿ ಅದೂ ಸಿಗಲ್ಲ. ಕತ್ತಲಾದರೆ ಆನೆ ಭಯ.

ಇದು ಬರೀ ದಾನ-ಧರ್ಮದ ವಿಷಯ ಅಲ್ಲ, ಕಾನೂನಿನದ್ದು. 1951ರ ಪ್ಲಾಂಟೇಶನ್ ಕಾರ್ಮಿಕ ಕಾಯ್ದೆಯ 13ನೇ ಸೆಕ್ಷನ್, ಕಾರ್ಮಿಕರಿಗೆ ಮನರಂಜನೆಯ ಸೌಲಭ್ಯ ಕೊಡಿ ಅಂತ ಮಾಲೀಕರಿಗೆ ಹೇಳುವ ನಿಯಮ ಮಾಡಲು ರಾಜ್ಯಕ್ಕೆ ಅಧಿಕಾರ ಕೊಟ್ಟಿತ್ತು. ಅದು ಐದು ಹೆಕ್ಟೇರ್ ಮತ್ತು ಹದಿನೈದು ಕಾರ್ಮಿಕರಿಗಿಂತ ಕಡಿಮೆ ಇರುವ ತೋಟಗಳಿಗೆ ಅನ್ವಯಿಸುತ್ತಿರಲಿಲ್ಲ. ನಮ್ಮ ಕಡೆ ಸಣ್ಣ ಬೆಳೆಗಾರರೇ ಜಾಸ್ತಿ. 2025ರ ನವೆಂಬರ್ 21ರಿಂದ ಈ ಕಾಯ್ದೆಯ ಜಾಗಕ್ಕೆ ಹೊಸ ಕಾರ್ಮಿಕ ಸಂಹಿತೆ ಬಂದಿದೆ. ಅದರ ನಿಯಮಗಳಲ್ಲಿ ಮಕ್ಕಳ ಆಟದ ಜಾಗ ಎಲ್ಲಿ ಬರುತ್ತೆ, ಸಣ್ಣ ತೋಟಗಳಿಗೆಲ್ಲ ಸೇರಿ ಪಂಚಾಯಿತಿಗೊಂದು ಮೈದಾನ ಯಾರ ಖರ್ಚಿನಲ್ಲಿ ಆಗುತ್ತೆ ಅಂತ ಕಾರ್ಮಿಕ ಇಲಾಖೆಯನ್ನೂ, ನಮ್ಮ ಶಾಸಕರನ್ನೂ, ರೇಟು ದಾಖಲೆ ಮುಟ್ಟಿದಾಗ ಹಿಗ್ಗಿದ ಬೆಳೆಗಾರರ ಸಂಘಗಳನ್ನೂ ಕೇಳಿ. ಮುಂದಿನ ಗ್ರಾಮಸಭೆಯಿಂದಲೇ ಶುರು ಮಾಡಬಹುದು.