ಇಲ್ಲದ ಗ್ರಂಥದ ಭಕ್ತರು

‘ನೆಕ್ರೊನಾಮಿಕಾನ್’ ಎಂಬ ಮಂತ್ರಗ್ರಂಥವು ನಿಜವಾಗಿಯೂ ಇದ್ದಿತೆಂದು ವಾದಿಸುವವರು ಇಂದಿಗೂ ಉಂಟು. ಅದರ ಜನ್ಮಸ್ಥಾನವು ಡಮಾಸ್ಕಸ್ ಪಟ್ಟಣವಲ್ಲ. ಅಮೆರಿಕದ ಪ್ರಾವಿಡೆನ್ಸ್ ನಗರದ ಕಥೆಗಾರ ಎಚ್. ಪಿ. ಲವ್‌ಕ್ರಾಫ್ಟನ (1890–1937) ತಲೆ. 1924ರಲ್ಲಿ ಅಚ್ಚಾದ ಕಥೆಯೊಂದರಲ್ಲಿ ಆ ಹೆಸರು ಕಾಣಿಸಿತು. 1927ರಲ್ಲಿ ಆತನೇ ಅದಕ್ಕೊಂದು ಚರಿತ್ರೆಯನ್ನೂ ಕಟ್ಟಿದನು: ಅರಬ್ಬೀ ಮೂಲ, ಗ್ರೀಕ್ ಭಾಷಾಂತರ, 1228ರಲ್ಲಿ ಓಲಾಸ್ ವರ್ಮಿಯಸನ ಲ್ಯಾಟಿನ್ ಭಾಷಾಂತರ. ವರ್ಮಿಯಸನೆಂಬ ಡೇನಿಷ್ ವೈದ್ಯನೊಬ್ಬನು ಇದ್ದುದೇನೋ ದಿಟ. ಆದರೆ ಅವನು ಹುಟ್ಟಿದುದು 1588ರಲ್ಲಿ! ತಾನು ಹುಟ್ಟುವುದಕ್ಕೆ 360 ವರ್ಷ ಮೊದಲೇ ಭಾಷಾಂತರ ಮಾಡಿದವನನ್ನು ನಂಬುವವರಿಗೆ ಬೇರೆ ಮಂತ್ರವಾದರೂ ಏತಕ್ಕೆ? ಗ್ರಂಥಕರ್ತನೆನ್ನಲಾದ ‘ಅಬ್ದುಲ್ ಅಲ್‌ಹಜ್ರೆಡ್’ ಎಂಬ ಹೆಸರಂತೂ ಅರಬ್ಬೀ ವ್ಯಾಕರಣಕ್ಕೇ ಒಗ್ಗದು.

ಇದರಲ್ಲಿ ಕಥೆಗಾರನ ದೋಷವೇನೂ ಇಲ್ಲ. ಅದು ತನ್ನ ಕಲ್ಪನೆಯೆಂಬುದನ್ನು ಆತನು ಪತ್ರಗಳಲ್ಲಿ ಮರೆಮಾಚದೆ ತಿಳಿಸಿದ್ದನು. ಓದುಗನೊಪ್ಪಿ ಕೇಳುವ ಸುಳ್ಳಿಗೆ ಕಥೆಯೆಂದು ಹೆಸರು. ಅವನನ್ನು ವಂಚಿಸುವ ಸುಳ್ಳಿಗೆ ಆ ಮರ್ಯಾದೆ ಸಲ್ಲದು. ದೂಷ್ಯರಾದವರು, 1977ರಲ್ಲಿ ನ್ಯೂಯಾರ್ಕಿನಲ್ಲಿ ಸುಮೇರಿಯದ ದೇವತೆಗಳ ಹೆಸರುಗಳನ್ನು ಬೆರಸಿ, ಅದೇ ಹೆಸರಿನ ಪುಸ್ತಕವನ್ನು ಪುರಾತನವೆಂದು ಮಾರಿದವರು. ಲವ್‌ಕ್ರಾಫ್ಟನು ಆ ಗ್ರಂಥದಿಂದ ಉದ್ಧರಿಸಿದಂತೆ ಬರೆದುದು ಸ್ವಲ್ಪವೇ. ಮಿಕ್ಕುದನ್ನು ಓದುಗನ ಭಯಕ್ಕೇ ಬಿಟ್ಟಿದ್ದನು. ಆ ಬರಿಯ ಪುಟಗಳನ್ನು ತುಂಬಿಸಹೊರಟವರು ಭಯವನ್ನೂ ಉಳಿಸಲಿಲ್ಲ, ಕಥೆಯನ್ನೂ ಉಳಿಸಲಿಲ್ಲ.