ಮಸ್ಕತ್ ಪತ್ರ – 23: ಹಳದೀಪುರದ ಅರುಣಾ ಮತ್ತು ಏಳು ವರ್ಷದ ಶಿಕ್ಷೆ

ಈ ಸಲ ಊಟ, ಸೆಕೆ, ರಜೆಯ ಸುದ್ದಿ ಇಲ್ಲ. ಸ್ವಲ್ಪ ಭಾರದ ವಿಷಯ, ಪುರುಸೊತ್ತು ಮಾಡಿಕೊಂಡು ಓದಿ.

ಜನವರಿ 20ಕ್ಕೆ ಕೋಲ್ಕತ್ತದ ಆರ್.ಜಿ. ಕರ್ ಆಸ್ಪತ್ರೆಯ ಪ್ರಕರಣದ ಶಿಕ್ಷೆ ಪ್ರಕಟವಾಯಿತು. ಅಪರಾಧಿಗೆ ಜೀವಾವಧಿ. ಇದು ‘ಅಪರೂಪದಲ್ಲಿ ಅಪರೂಪ’ದ ಪ್ರಕರಣವಲ್ಲ ಎಂದರು ನ್ಯಾಯಾಧೀಶರು. ನಮ್ಮ ಮನೆ ಗ್ರೂಪಿನಲ್ಲಿ ಚಿಕ್ಕಪ್ಪ ಬರೆದರು: “ಇದು ಅಪರೂಪ ಅಲ್ಲದಿದ್ದರೆ ಮತ್ಯಾವುದು? ನೇಣಿಗೆ ಹಾಕಬೇಕಿತ್ತು.” ಕೆಳಗೆ ಇಪ್ಪತ್ತು ಜನ ಕೈ ಮುಗಿದಿದ್ದರು. ನಾನು ಏನೂ ಬರೆಯಲಿಲ್ಲ. ಇವತ್ತು ಬರೆಯುತ್ತಿದ್ದೇನೆ, ಚಿಕ್ಕಪ್ಪ ಬೇಜಾರು ಮಾಡಿಕೊಳ್ಳಬಾರದು.

ಕುಮಟಾದಿಂದ ಹೊನ್ನಾವರಕ್ಕೆ ಹೋಗುವ ಬಸ್ಸು ಹಳದೀಪುರ ದಾಟಿಯೇ ಹೋಗುತ್ತದಲ್ಲ, ಅರುಣಾ ಶಾನಭಾಗ್ ಆ ಊರಿನ ಹುಡುಗಿ. ಮುಂಬೈಯ ಕೆ.ಇ.ಎಂ. ಆಸ್ಪತ್ರೆಯಲ್ಲಿ ನರ್ಸ್. 1973ರ ನವೆಂಬರ್ 27ರಂದು ಡ್ಯೂಟಿ ಮುಗಿಸಿ ಬಟ್ಟೆ ಬದಲಿಸಲು ನೆಲಮಾಳಿಗೆಗೆ ಹೋದಾಗ, ಅದೇ ಆಸ್ಪತ್ರೆಯ ನೌಕರನೊಬ್ಬ ನಾಯಿ ಕಟ್ಟುವ ಸರಪಳಿಯನ್ನು ಅವಳ ಕುತ್ತಿಗೆಗೆ ಬಿಗಿದು ಲೈಂಗಿಕ ಹಲ್ಲೆ ಮಾಡಿದ. ಮಿದುಳಿಗೆ ರಕ್ತ ಹೋಗುವುದು ನಿಂತಿತು. ಆಗ ಅವಳಿಗೆ 25 ವರ್ಷ. 2015ರ ಮೇ 18ರಂದು ಸಾಯುವವರೆಗೆ, ಸುಮಾರು 42 ವರ್ಷ, ಅದೇ ಆಸ್ಪತ್ರೆಯ ಹಾಸಿಗೆಯಲ್ಲಿ ಮಲಗಿದ್ದಳು. ಕೆ.ಇ.ಎಂ.ನ ನರ್ಸುಗಳು ತಲೆಮಾರು ಬದಲಾದರೂ ಅವಳನ್ನು ಬಿಡಲಿಲ್ಲ. ಹೊರಳಿಸುವುದು, ಉಣಿಸುವುದು, ಒರೆಸುವುದು ಎಲ್ಲ ಮಾಡಿದರು. ಒಬ್ಬ ರೋಗಿಗೆ ಒಂದು ತಿಂಗಳು ಬೆಡ್‌ಸೋರ್ ಆಗದಂತೆ ನೋಡಿಕೊಳ್ಳುವುದು ಎಷ್ಟು ಕಷ್ಟ ಅಂತ ನನಗೆ ಗೊತ್ತು.

ಅವನಿಗೆ ಸಿಕ್ಕಿದ್ದು ಏಳು ವರ್ಷ. ಹಲ್ಲೆಗೆ ಏಳು, ಸುಲಿಗೆಗೆ ಏಳು, ಎರಡೂ ಒಟ್ಟಿಗೇ ನಡೆಯುವಂತೆ. ಲೈಂಗಿಕ ಹಲ್ಲೆಯ ಆರೋಪ ಮೊಕದ್ದಮೆಯಲ್ಲಿ ಇರಲೇ ಇಲ್ಲ. ಅವನು ಜೈಲಿನಿಂದ ಹೊರಗೆ ಬಂದ ಮೇಲೂ ಅವಳು ಮೂರು ದಶಕಕ್ಕಿಂತ ಹೆಚ್ಚು ಕಾಲ ಮಲಗಿಯೇ ಇದ್ದಳು.

ಕೆಲವು ಸಂದರ್ಭಗಳಿದ್ದರೆ ಅದೇ ಅಪರಾಧಕ್ಕೆ ಕಾನೂನು ಹೆಚ್ಚು ಶಿಕ್ಷೆ ಕೊಡುತ್ತದೆ. ಸುಲಭದ ಉದಾಹರಣೆ ಕಳ್ಳತನ. ಹೊರಗಿನವನು ಕದ್ದರೆ ಮೂರು ವರ್ಷದವರೆಗೆ ಜೈಲು. ಕೆಲಸಕ್ಕಿದ್ದವನೇ ಯಜಮಾನನ ವಸ್ತು ಕದ್ದರೆ ಏಳು ವರ್ಷದವರೆಗೆ. ವಸ್ತು ಅದೇ ಇರಬಹುದು, ಆದರೆ ಇಲ್ಲಿ ನಂಬಿಕೆಯೂ ಮುರಿಯಿತು. ಇಲ್ಲಿ ಒಮಾನ್‌ನ 2018ರ ದಂಡ ಕಾನೂನಿನಲ್ಲೂ ಇಂಥದ್ದಿದೆ: ಮೊದಲೇ ಸಂಚು ಹೂಡಿ ಕೊಂದರೆ, ವಿಷ ಹಾಕಿ ಕೊಂದರೆ, ಹೆತ್ತವರನ್ನೇ ಕೊಂದರೆ ಮರಣದಂಡನೆ. ಸತ್ತವರ ವಾರಸುದಾರರು ಕ್ಷಮಿಸಿದರೆ ಅದು ಇಳಿಯುತ್ತದೆ.

ನಮ್ಮ ದೇಶದಲ್ಲಿ 1983ರ ತಿದ್ದುಪಡಿ ಇದೇ ನ್ಯಾಯವನ್ನು ಅತ್ಯಾಚಾರಕ್ಕೂ ತಂದಿತು. ಸಾಮಾನ್ಯವಾಗಿ ಕನಿಷ್ಠ ಏಳು ವರ್ಷ. ಪೊಲೀಸರು ಮಾಡಿದರೆ, ಅಥವಾ ಆಸ್ಪತ್ರೆಯ ಸಿಬ್ಬಂದಿ ಅದೇ ಆಸ್ಪತ್ರೆಯಲ್ಲಿರುವ ಮಹಿಳೆಗೆ ಮಾಡಿದರೆ ಕನಿಷ್ಠ ಹತ್ತು. ಈ ಮಾತು ನಮ್ಮ ವೃತ್ತಿಯವರಿಗೂ ತಾಗುತ್ತದೆ, ತಾಗಬೇಕು. ಅರಿವಳಿಕೆ ಕೊಟ್ಟು ಮಲಗಿಸಿದ ರೋಗಿ ನಮ್ಮನ್ನು ಪೂರ್ತಿ ನಂಬಿ ಕಣ್ಣು ಮುಚ್ಚಿರುತ್ತಾಳೆ. ಆ ನಂಬಿಕೆಗೆ ದ್ರೋಹ ಮಾಡಿದವನಿಗೆ ಬೀದಿಯವನಿಗಿಂತ ಹೆಚ್ಚು ಶಿಕ್ಷೆ ಆಗಲೇಬೇಕು.

2013ರಲ್ಲಿ ಮತ್ತೊಂದು ಸೇರಿತು. ಅತ್ಯಾಚಾರದಿಂದ ಸಾವು ಸಂಭವಿಸಿದರೆ, ಅಥವಾ ಆಕೆ ಎಚ್ಚರವಿಲ್ಲದೆ ಜೀವಚ್ಛವವಾಗಿ ಉಳಿದರೆ, ಕನಿಷ್ಠ 20 ವರ್ಷ. ಬದುಕಿರುವವರೆಗೆ ಜೈಲು ಅಥವಾ ಮರಣದಂಡನೆಯೂ ಆಗಬಹುದು. ಈಗಿನ ಭಾರತೀಯ ನ್ಯಾಯ ಸಂಹಿತೆಯ 66ನೇ ಕಲಂ ಅದೇ. ಅದನ್ನು ಓದುವಾಗ ನನಗೆ ಅರುಣಾ ನೆನಪಾಗದೇ ಇರುವುದಿಲ್ಲ. ಅವಳಿಗೆ ಅದು ನಲವತ್ತು ವರ್ಷ ತಡವಾಯಿತು.

ಹಾಗಾದರೆ ಶಿಕ್ಷೆ ಹೆಚ್ಚಿಸುತ್ತಾ ಹೋಗುವುದೇ ದಾರಿಯೇ? ಇಲ್ಲಿ ನಾನು ಚಿಕ್ಕಪ್ಪನ ಜೊತೆ ಇಲ್ಲ. 2018ರಲ್ಲಿ ಸಿಟ್ಟಿನ ಮೇಲೆ ಸಾಮಾನ್ಯ ಅತ್ಯಾಚಾರದ ಕನಿಷ್ಠ ಶಿಕ್ಷೆಯನ್ನೂ ಏಳರಿಂದ ಹತ್ತಕ್ಕೆ ಏರಿಸಿದರು. ಆದರೆ ಆಸ್ಪತ್ರೆ ಸಿಬ್ಬಂದಿಯ ಕನಿಷ್ಠ ಹತ್ತರಲ್ಲೇ ಉಳಿಯಿತು. ಗರಿಷ್ಠದಲ್ಲಿ ಸ್ವಲ್ಪ ವ್ಯತ್ಯಾಸ ಇದೆ, ಕನಿಷ್ಠದಲ್ಲಿ ದ್ರೋಹಕ್ಕೆ ಇದ್ದ ಆ ಮೂರು ವರ್ಷದ ಹೆಚ್ಚುವರಿ ತೂಕ ಹೊರಟೇಹೋಯಿತು. ಎಲ್ಲದಕ್ಕೂ ಒಂದೇ ಸಮ ಖಾರ ಹಾಕಿದರೆ ಯಾವುದು ಖಾರ ಅಂತ ಗೊತ್ತಾಗುವುದು ಹೇಗೆ?

ಇನ್ನೊಂದು ಮಾತು. ಎಷ್ಟು ಕಠಿಣ ಕಲಂ ಇದ್ದರೂ ಅದು ದೂರಿನಲ್ಲಿ, ಆರೋಪಪಟ್ಟಿಯಲ್ಲಿ ಬರಬೇಕು. ಅತ್ಯಾಚಾರಕ್ಕೆ 1973ರಲ್ಲೂ ಜೀವಾವಧಿಯವರೆಗೆ ಶಿಕ್ಷೆ ಇತ್ತು. ಆದರೆ ಅರುಣಾಳ ಮೊಕದ್ದಮೆಯಲ್ಲಿ ಆ ಆರೋಪವೇ ಇಲ್ಲದ ಮೇಲೆ ಯಾವ ನ್ಯಾಯಾಧೀಶರು ಏನು ಮಾಡಿಯಾರು? ಅವಳು ಬಟ್ಟೆ ಬದಲಿಸಲು ಹೋಗಿದ್ದು ನೆಲಮಾಳಿಗೆಗೆ. ಸುಮಾರು ಐವತ್ತೊಂದು ವರ್ಷದ ನಂತರ, 2024ರ ಆಗಸ್ಟ್‌ನಲ್ಲಿ, ಕೋಲ್ಕತ್ತದ ಆ ವೈದ್ಯೆ ರಾತ್ರಿ ಪಾಳಿಯ ನಡುವೆ ಮಲಗಿದ್ದು ಸೆಮಿನಾರ್ ಹಾಲಿನಲ್ಲಿ. ಒಳಗಿನಿಂದ ಚಿಲಕ ಹಾಕಿಕೊಳ್ಳುವ ಒಂದು ಕೋಣೆ ಇಬ್ಬರಿಗೂ ಇರಲಿಲ್ಲ. ಯಾವ ಕಾನೂನೂ ಆ ಚಿಲಕಕ್ಕೆ ಸಮವಲ್ಲ.

ಆದ್ದರಿಂದ ಊರಿನವರಲ್ಲಿ ಒಂದೇ ಕೋರಿಕೆ. ನಿಮ್ಮ ಮಗಳು, ತಂಗಿ, ಸೊಸೆ ಆಸ್ಪತ್ರೆಯಲ್ಲಿ ಕೆಲಸ ಮಾಡುತ್ತಿದ್ದರೆ ಸಂಬಳ ಎಷ್ಟು ಅಂತ ಮಾತ್ರ ಕೇಳಬೇಡಿ. ರಾತ್ರಿ ಪಾಳಿಯಲ್ಲಿ ಎಲ್ಲಿ ಮಲಗುತ್ತೀ, ಆ ಬಾಗಿಲಿಗೆ ಚಿಲಕ ಇದೆಯಾ, ಅಂತಲೂ ಕೇಳಿ. ಇಲ್ಲ ಅಂದರೆ ಅಲ್ಲಿಗೇ ಬಿಡಬೇಡಿ. ನೇಣಿನ ಮಾತು ಆಮೇಲೆ ಆಡೋಣ, ಚಿಕ್ಕಪ್ಪ.

ನಾಳೆ ನನಗೆ ನೈಟ್ ಡ್ಯೂಟಿ. ನಮ್ಮ ಕೋಣೆಗೆ ಚಿಲಕ ಇದೆ. ಆಯಿಗೆ ಹೇಳಿ.